ಮಾದೇವಮ್ಮ ಮಾರ್ಕಿನ ಕುಡುಗೋಲು

ಶಿರಾಳಕೊಪ್ಪ
9 ನವೆಂಬರ್ 2025, ಭಾನುವಾರ ಮಧ್ಯಾಹ್ನ

ಪ್ರೀತಿಯ ಗುರಣ್ಣಾ,

ಮೊದಲು ತಂಗಿಯ ಕಡೆಯಿಂದ ಒಂದು ಸಲ್ಯೂಟು. ಸರಿಯಾಗಿ ಹೊಡೆಯುವುದು ಹೇಗೆಂದು ನನಗೆ ಗೊತ್ತಿಲ್ಲ, ಮೊಣಕೈ ಎಲ್ಲೋ ತಪ್ಪಿರುತ್ತದೆ, ನೀನೇ ತಿದ್ದಿಕೊ. ಹೇಗಿದ್ದೀಯ? ಕಾಲಿನ ಬೊಬ್ಬೆ ಒಣಗಿತಾ? ಹೊಸ ಬೂಟು ಕಚ್ಚುತ್ತದೆ, ಒಳಗೆ ಕೊಬ್ಬರಿ ಎಣ್ಣೆ ಸವರಬೇಕು ಎಂದು ಅಮ್ಮ ಹೇಳುತ್ತಾಳೆ. ಇದನ್ನೇ ಅವಳು ಬೆಳಿಗ್ಗೆ ಫೋನಿನಲ್ಲಿ ಮೂರು ಸಲ ಹೇಳಿದಳು, ಆದರೂ ಕಾಗದದಲ್ಲಿ ಬರೆ ಎಂದಿದ್ದಾಳೆ, ಬರೆದಿದ್ದೇನೆ. ಟ್ರೈನಿಂಗ್ ಕ್ಯಾಂಪಿನಲ್ಲಿ ಕೊಡುವ ಚಹಾ ಬಣ್ಣ ಹಾಕಿದ ಬಿಸಿನೀರು ಎಂದಿದ್ದೆಯಲ್ಲ, ಈಗಲಾದರೂ ಸುಧಾರಿಸಿದೆಯಾ? ನೀನು ತಲೆ ಬೋಳಿಸಿಕೊಂಡು ಕಳಿಸಿದ ಫೋಟೊ ನೋಡಿ ಅಮ್ಮ ಅತ್ತಳು. ಅಪ್ಪ ಮಾತ್ರ ಅದನ್ನು ಎರಡು ಬೆರಳಿನಲ್ಲಿ ಹಿಗ್ಗಿಸಿ ಹಿಗ್ಗಿಸಿ ನಿನ್ನ ಕಿವಿಯನ್ನೇ ನೋಡಿದ. "ಕೂದ್ಲು ಹೋದ್ಮೇಲೆ ಗೊತ್ತಾತು, ಕಿವಿ ನಮ್ಮವ್ವಂದೇ" ಎಂದ. ಅಜ್ಜಿ ತೀರಿಕೊಂಡು ಆರು ವರ್ಷವಾದರೂ ಅವಳ ಕಿವಿ ಅಪ್ಪನಿಗೆ ನೆನಪಿದೆ ನೋಡು. ಇಲ್ಲಿ ನಾವೆಲ್ಲ ಚೆನ್ನಾಗಿದ್ದೇವೆ. ಅಮ್ಮನ ಮಂಡಿ ಚಳಿ ಬಿದ್ದ ಮೇಲೆ ಸ್ವಲ್ಪ ಹಿಡಿದುಕೊಂಡಿದೆ, ಆದರೆ ಬಸವಣ್ಣನ ಗುಡಿಗೆ ದೀಪ ಹಚ್ಚಲು ಹೋಗುವಾಗ ಮಾತ್ರ ನನಗಿಂತ ಮುಂದೆ ನಡೆಯುತ್ತಾಳೆ.

ನಿನಗೆ ವಾರಕ್ಕೆ ಸಿಗುವ ಹತ್ತು ನಿಮಿಷದಲ್ಲಿ ಇವತ್ತು ಒಂಬತ್ತೂವರೆ ಅಮ್ಮನ ಪಾಲಾಯಿತು. ಉಳಿದದ್ದರಲ್ಲಿ ನಾನು "ಅಣ್ಣಾ, ಒಂದು ವಿಷ್ಯ" ಅನ್ನುವಷ್ಟರಲ್ಲಿ ಅಲ್ಲಿ ಯಾರೋ ಸೀಟಿ ಊದಿದರು. ಫೋನಿಗೆ ಮಿತಿ, ಕಾಗದಕ್ಕಿಲ್ಲ ಎಂದು ನೀನೇ ಹೇಳಿದ್ದರಿಂದ ಕೂತು ಬರೆಯುತ್ತಿದ್ದೇನೆ. ಒಂದೇ ಕಡೆ ಕೂರಲಾರದೆ ಪಿಯುಸಿ ಬಿಟ್ಟವಳು ಒಂದು ಗಂಟೆಯಿಂದ ಎದ್ದಿಲ್ಲ ಎಂದರೆ ವಿಷಯ ಸಣ್ಣದಲ್ಲ ಅಂದುಕೊ. ವಿಷಯ ಅಂಗಡಿಯದು. ನಾನು ಕಾಲೇಜು ಬಿಟ್ಟ ದಿನ ಅಪ್ಪ ಹೇಳಿದ್ದು ನಿನ್ನೆದುರಿಗೇ ಅಲ್ಲವೇ, ಓದು ಬಿಟ್ಟೋಳು ನನ್ನ ಅಂಗಡಿ ಮೆಟ್ಲು ಹತ್ತಬಾರದು ಎಂದು. ಈಗ ಆ ಅಂಗಡಿಯನ್ನೇ ಬಾಡಿಗೆಗೆ ಕೊಡುವ ಮಾತು ನಡೆದಿದೆ. ಬಸ್ ನಿಲ್ದಾಣದ ಹತ್ತಿರ ಬೇಕರಿ ಇಟ್ಟಿರುವ ಸಂಗಮೇಶ್ ಎರಡನೆಯದಕ್ಕೆ ನಮ್ಮ ಮಳಿಗೆ ಕೇಳಿದ್ದಾನೆ. ಕಾರ್ತಿಕ ಮುಗಿದ ಮೇಲೆ ಹೇಳುತ್ತೇನೆ ಎಂದಿದ್ದಾನೆ ಅಪ್ಪ. ನನಗೆ ಆ ಅಂಗಡಿ ಬೇಕು ಅಣ್ಣಾ. ಗುದ್ದಲಿ, ಕೊಡಲಿ, ಹಾರೆ, ಕುಡುಗೋಲು, ಆ ಎಣ್ಣೆ ಸವರಿದ ಕಬ್ಬಿಣದ ವಾಸನೆ ಎಲ್ಲ ಬೇಕು. ಅಲ್ಲಿ ದಿನವಿಡೀ ನಿಂತೇ ಕೆಲಸ ಮಾಡಬಹುದು.

ಆದರೆ ಇದನ್ನೆಲ್ಲ ಸರಿಯಾಗಿ ಹೇಳಬೇಕಾದರೆ ನಿನ್ನ ಕಂಪ್ಯೂಟರಿನಿಂದ ಶುರು ಮಾಡಬೇಕು. ಗಾಬರಿಯಾಗಬೇಡ, ನಿನ್ನ ಆಟ ನೀನು ಬಿಟ್ಟಲ್ಲೇ ಇದೆ. ನಿನ್ನ ಆ ಕುದುರೆ ಸವಾರ ಮಂಜಿನ ಕೋಟೆಯ ಬಾಗಿಲಲ್ಲಿ ಎರಡು ತಿಂಗಳಿಂದ ನಿಂತೇ ಇದ್ದಾನೆ. ಒಂದು ಸಲ ತೆರೆದು ನೋಡಿದೆ, ಮುಟ್ಟಲಿಲ್ಲ. ತೆರೆದದ್ದೂ ತಪ್ಪು ಎನ್ನುವುದಾದರೆ ತಪ್ಪು. ದಸರೆ ಕಳೆದ ಮೇಲೆ ಆಟ ಉಳಿಸಿಡುವ ಪಕ್ಕದ ಖಾನೆಯಲ್ಲಿ ನನ್ನದೇ ಹೊಸ ಆಟ ಶುರು ಮಾಡಿದೆ. ಹೆಸರು ಕೇಳಿತು. ಗಿಡ್ಡಕ್ಕಿದ್ದು ಯಾರಿಗೂ ಹೆದರದ ಹೆಂಗಸು ಎಂದರೆ ನನಗೆ ಗೊತ್ತಿದ್ದದ್ದು ಒಬ್ಬಳೇ, "ಮಹಾದೇವಮ್ಮ" ಎಂದು ಅಜ್ಜಿಯ ಹೆಸರು ಕೊಟ್ಟೆ. ಆಮೇಲೆ ಆ ಹಾಳು ಹಳ್ಳಿಯ ಕಮ್ಮಾರನ ಗುಡಿಸಲು ಬಂತು. ಗೋಡೆಗೆ ಆರು ಆಯುಧ ನೇತುಹಾಕಿ, ಒಂದನ್ನು ಮಾತ್ರ ತಗೊ ಎನ್ನುತ್ತಾನಲ್ಲ ಅವನು, ನಿನ್ನ ಮಾತು ನೆನಪಾಯಿತು. "ಯೋಚ್ನೆ ಮಾಡ್ಬೇಡ, ದೊಡ್ಡ ಕತ್ತಿ ತಗೊ, ಒಂದೇ ಏಟು" ಎಂದು ನೂರು ಸಲ ಹೇಳಿದ್ದೆ ನೀನು. ತಗೊಂಡೆ.

ಅಣ್ಣಾ, ನಿನ್ನ ಸಲಹೆ ತಪ್ಪು. ಮುಖದ ಮೇಲೆ ಹೇಳಲು ನೀನಿಲ್ಲ, ಅದಕ್ಕೆ ಕಾಗದದ ಮೇಲೆ ಹೇಳುತ್ತಿದ್ದೇನೆ. ದೊಡ್ಡ ಕತ್ತಿಗೆ ಹೊಡೆತ ಜಾಸ್ತಿ, ನಿಜ. ಆದರೆ ಅದಕ್ಕೆ ತೋಳ್ಬಲ ಹದಿನಾರು ಬೇಕು, ಶುರುವಿನಲ್ಲಿ ನಮ್ಮ ಕೈಲಿರುವುದು ಹತ್ತು. ಎತ್ತುವುದಕ್ಕೇ ಅರ್ಧ ದಮ್ಮು ಖರ್ಚಾಗುತ್ತದೆ, ಇಳಿಸುವುದರೊಳಗೆ ಎದುರಿನವನು ಎರಡು ಬಿಟ್ಟಿರುತ್ತಾನೆ. ನೀನು ಹೇಗೆ ದಾಟಿದೆಯೋ ಕಾಣೆ, ಮೊದಲು ಲೆವೆಲ್ಲು ಏರಿಸಿಕೊಂಡು ಬಂದು ನನಗೆ ಆ ಭಾಗ ಹೇಳದೆ ಬಿಟ್ಟಿರಬೇಕು. ಆ ಸೇತುವೆ ಕಾಯುವ ದಾಂಡಿಗನಿದ್ದಾನಲ್ಲ, ಬಾಗಿಲಿನಷ್ಟು ದೊಡ್ಡ ಗುರಾಣಿ ಹಿಡಿದವನು, ಅವನ ಕೈಯಲ್ಲಿ ನಾನು ಮೂರು ದಿನದಲ್ಲಿ ಮೂವತ್ತೆಂಟು ಸಲ ಸತ್ತೆ. ಪ್ರತಿ ಸಲವೂ ಪರದೆ ಕಪ್ಪಾಗಿ ಕೆಂಪು ಅಕ್ಷರದಲ್ಲಿ "ಮಹಾದೇವಮ್ಮ" ಎಂದು ಬಂದು, ಕೆಳಗೆ ಸತ್ತಳು ಎಂದು ಇಂಗ್ಲಿಷಿನಲ್ಲಿ ಬರುತ್ತಿತ್ತು.

ಅಪ್ಪ ಮಧ್ಯಾಹ್ನ ಅಂಗಡಿ ಮುಚ್ಚಿ ಊಟಕ್ಕೆ ಬಂದವನು ಅದೇ ಕೋಣೆಯಲ್ಲಿ ಚಾಪೆ ಹಾಕಿ ಅಡ್ಡಾಗುತ್ತಾನೆಂದು ನಿನಗೆ ಗೊತ್ತು. ಕಾಲೇಜು ಬಿಟ್ಟಾಗಿನಿಂದ ನನ್ನ ಜೊತೆ ನೇರ ಮಾತಿಲ್ಲ, ಏನಿದ್ದರೂ "ನಿನ್ನ ಮಗಳಿಗೆ ಹೇಳು" ಎಂದು ಅಮ್ಮನ ಮೂಲಕವೇ. ನಾನು ಸದ್ದು ತೆಗೆದು ಆಡುತ್ತಿದ್ದೆ, ಅವನು ಗೋಡೆ ಕಡೆ ಮುಖ ಮಾಡಿ ಮಲಗಿದ್ದ. ಮೂರನೆಯ ದಿನ ಮಹಾದೇವಮ್ಮ ಮತ್ತೆ ಸತ್ತಳು. ಹಿಂದಿನಿಂದ ಒಂದು ದನಿ ಬಂತು: "ಏನೇ ಇದು, ನಮ್ಮವ್ವನ್ನ ಎಷ್ಟು ಸಲ ಸಾಯಿಸ್ತೀಯ?" ನಾಲ್ಕು ತಿಂಗಳಲ್ಲಿ ಅಪ್ಪ ನನಗೆ ನೇರವಾಗಿ ಆಡಿದ ಮೊದಲ ಮಾತು ಅದು. ಕೈಯಲ್ಲಿದ್ದ ಮೌಸು ಬಿದ್ದೇ ಹೋಯಿತು. ತಿರುಗಿ ನೋಡಿದರೆ ಅವನು ಎದ್ದು ಕೂತಿದ್ದ, ಕನ್ನಡಕ ಹಾಕಿಕೊಂಡಿದ್ದ. ಎಷ್ಟು ಹೊತ್ತಿನಿಂದ ನೋಡುತ್ತಿದ್ದನೋ, ಎಷ್ಟು ದಿನದಿಂದ ನೋಡುತ್ತಿದ್ದನೋ. ಬೈಗುಳ ಬರುತ್ತದೆ ಎಂದು ಕಾದೆ. ಬಂದದ್ದು ಬೇರೆ. "ಅಲ್ವೇ, ನಮ್ಮವ್ವ ಇದ್ದಿದ್ದೇ ಇಷ್ಟು. ಅವಳಿಗೆ ಅಷ್ಟುದ್ದದ ಕತ್ತಿ ಯಾವನು ಕೊಟ್ಟ? ಗಿರಾಕಿ ತೋಳು ನೋಡದೆ ಮಾಲು ಕೊಟ್ಟಂಗಾತು!" ಕೊಟ್ಟವನು ನಿನ್ನ ಮಗನೇ ಎಂದು ಅಪ್ಪನಿಗೆ ನಿನ್ನ ಹೆಸರು ಹೇಳಿದೆ. ಸುಳ್ಳು ಹೇಳಲು ಬರುವುದಿಲ್ಲವಲ್ಲ ನನಗೆ.

ಮತ್ತೆ ಮೊದಲಿನಿಂದ ಶುರು ಮಾಡಿದೆವು. ಕಮ್ಮಾರನ ಗುಡಿಸಲಿಗೆ ಬಂದಾಗ ಅಪ್ಪ ಚಾಪೆಯನ್ನು ಕುರ್ಚಿಯ ಹತ್ತಿರ ಎಳೆದುಕೊಂಡ. ಅವನು ಆ ಆರು ಆಯುಧ ನೋಡಿದ್ದನ್ನು ನೀನು ನೋಡಬೇಕಿತ್ತು, ಶಿವಮೊಗ್ಗದ ಸಗಟು ಮಳಿಗೆಯಲ್ಲಿ ಮಾಲು ನೋಡುವ ಅದೇ ಮುಖ, ಕೆಳತುಟಿ ಮುಂದೆ ಮಾಡಿಕೊಂಡು. ಈಟಿಗೆ "ಹಿಡಿಕಾವು ಉದ್ದ, ಗುಡಿಸಲೊಳಗೆ ತಿರುಗಿಸ್ತಾಳಾ ಅದನ್ನ?" ಎಂದ. ಗದೆ ನೋಡಿ "ಇದು ಗೂಟ ಹೊಡಿಯೋದು" ಎಂದ. ಎರಡು ಕೈಗೆ ಎರಡು ಚೂರಿ ಕೊಡುತ್ತಾರಲ್ಲ, ಅದಕ್ಕೆ ನಕ್ಕೇಬಿಟ್ಟ, ಎರಡೂ ಕೈಲಿ ಚೂರಿ ಹಿಡ್ಕೊಂಡ್ರೆ ಸೆರಗು ಸಿಗ್ಸೋದು ಯಾವ ಕೈಲಿ ಎಂದ. ಬಿಲ್ಲಿಗೆ ಬಾಣ ಇಪ್ಪತ್ತೇ ಎಂದು ನಾನು ಓದಿ ಹೇಳಿದ ಕೂಡಲೇ "ಮುಗಿದ್ಮೇಲೆ?" ಎಂದ. ನನಗದು ಹೊಳೆದೇ ಇರಲಿಲ್ಲ. ಕೊನೆಗೆ ಮೂಲೆಯಲ್ಲಿ ತೂಗುತ್ತಿದ್ದ ಕುಡುಗೋಲಿನ ಮೇಲೆ ಬೆರಳಿಟ್ಟ. ಪರದೆಯ ಮೇಲೆ ಎಣ್ಣೆ ಬೆರಳಿನ ಗುರುತು ಈಗಲೂ ಇದೆ, ಬಂದಾಗ ಬೈಯಬೇಡ.

ಅಪ್ಪಾ, ಅದಕ್ಕೆ ಹೊಡೆತ ಎಲ್ಲಕ್ಕಿಂತ ಕಡಿಮೆ, ಇಂಟರ್‌ನೆಟ್ಟಿನಲ್ಲಿ ಎಲ್ಲರೂ ಅದನ್ನು ಕೊನೆಗೆ ಹಾಕುತ್ತಾರೆ ಎಂದು ನಾನು ವಾದಿಸಿದೆ. ಅಂಕಿ ತೋರಿಸಿದೆ. ಕತ್ತಿಗೆ ನಲವತ್ತೆರಡು, ಕುಡುಗೋಲಿಗೆ ಹದಿನೇಳು. "ಅಂಕಿ ಬರೆದೋನು ಯಾರು? ಮಾರೋನೇ ಅಲ್ವಾ?" ಎಂದ. ಆಮೇಲೆ ಇನ್ನೊಂದು ಕೇಳಿದ, ಈ ಪ್ರಶ್ನೆ ಇಷ್ಟು ವರ್ಷ ಆಡಿದ ನಿನಗಾಗಲಿ, ಆಟದ ವಿಡಿಯೊ ಮಾಡುವ ಯಾವ ಮಹಾನುಭಾವನಿಗಾಗಲಿ ಬಂದದ್ದು ನಾನು ಕಂಡಿಲ್ಲ: "ಎಡಗೈಗೆ ಕೊಡೋಕೆ ಬರುತ್ತೇನು? ನಮ್ಮವ್ವ ಎಡಚಿ." ನಿನಗೆ ನೆನಪಿದೆಯಲ್ಲ, ಅಜ್ಜಿ ಎಡಗೈಯಲ್ಲೇ ಕೊಯ್ಯುತ್ತಿದ್ದದ್ದು. ಹಲ್ಲಿನ ಕುಡುಗೋಲಿನ ಹಲ್ಲು ಒಂದೇ ಮಗ್ಗುಲಿಗೆ ಇರುತ್ತದೆ, ಬಲಗೈಯವರದನ್ನು ಎಡಗೈಯವರು ಹಿಡಿದರೆ ಪೈರು ಕೊಯ್ಯುವುದಿಲ್ಲ, ಜಾರುತ್ತದೆ. ಅವಳಿಗೋಸ್ಕರವೇ ಅಪ್ಪ ಅಂಗಡಿಯಲ್ಲಿ ಎಡಗೈ ಕುಡುಗೋಲು ಇಡಲು ಶುರು ಮಾಡಿದ್ದಂತೆ, ಸುತ್ತಲ ಯಾವ ಅಂಗಡಿಯಲ್ಲೂ ಸಿಗುವುದಿಲ್ಲವಂತೆ. ಇದನ್ನು ಅವನು ಅವತ್ತೇ ಹೇಳಿದ್ದು. ಕೀಬೋರ್ಡಿನಲ್ಲಿ ಗುಂಡಿ ಹುಡುಕಿದೆ. ಆಟದಲ್ಲಿ ಎಡಗೈಗೆ ಕೊಡಲು ಬರುತ್ತದೆ.

ಅಣ್ಣಾ, ಎಡಗೈಯಲ್ಲಿ ಹಿಡಿದರೆ ಅದರ ಹೊಡೆತವೇ ಬೇರೆ! ನೇರ ಕಡಿಯುವುದಿಲ್ಲ, ಕೊಕ್ಕೆ ಹಾಕಿ ಎಳೆಯುತ್ತದೆ. ದಾಂಡಿಗ ಗುರಾಣಿ ಎತ್ತಿದ ಕೂಡಲೇ ಅದರ ಅಂಚಿಗೆ ಸಿಕ್ಕಿಸಿ ಎಳೆದರೆ ಗುರಾಣಿ ಪಕ್ಕಕ್ಕೆ ವಾಲುತ್ತದೆ, ಹೊಟ್ಟೆ ತೆರೆದುಕೊಳ್ಳುತ್ತದೆ. ದಮ್ಮು ಖರ್ಚಾಗುವುದು ಅಷ್ಟೇ ಅಷ್ಟು, ಆರು ಸಲ ಬೀಸಿದರೂ ಓಡಲು ಉಳಿದಿರುತ್ತದೆ. ದಾರಿಯಲ್ಲಿ ಸಿಕ್ಕ, ಸಾಮಾನಿನ ಬಲ ಹೆಚ್ಚಿಸುವ ಮೂರು ತುಂಡು ಅದಿರನ್ನು ನಾನು ಹಿಂದಿನ ಸಲ ಮೂರು ಸಾಮಾನಿಗೆ ಹಂಚಿದ್ದೆ, ಅಪ್ಪ ಹಂಚಲು ಬಿಡಲಿಲ್ಲ, ಎಲ್ಲ ಕುಡುಗೋಲಿಗೇ ಹಾಕಿಸಿದ. "ಎಳ್ಕೊಳೆ, ಪೈರು ಎಳ್ಕೊಂಡಂಗೆ ಎಳ್ಕೊ! ಬುಡಕ್ಕೆ ಹಾಕು, ಬುಡಕ್ಕೆ!" ಎಂದು ಕೂಗಿದ್ದಕ್ಕೆ ಅಮ್ಮ ಅಡಿಗೆಮನೆಯಿಂದ ಓಡಿಬಂದು ಹಾವು ಬಂತೇನ್ರೀ ಎಂದು ಕೇಳಿದಳು. ನಾಲ್ಕನೆಯ ಸಲಕ್ಕೆ ದಾಂಡಿಗ ಬಿದ್ದ. ಮೂರನೆಯ ಸಲಕ್ಕೆ ಎಂದು ಅಪ್ಪ ಎಲ್ಲರಿಗೂ ಹೇಳುತ್ತಿದ್ದಾನೆ, ಅದು ಸುಳ್ಳು, ನಾಲ್ಕು. ಬಿದ್ದ ಮೇಲೆ ಅಪ್ಪ ಮಜ್ಜಿಗೆ ಲೋಟ ಒದ್ದುಬಿಟ್ಟ, ಚಾಪೆ ಪೂರ್ತಿ ಮಜ್ಜಿಗೆ. ಅವತ್ತು ಅಂಗಡಿ ತೆರೆದದ್ದು ನಾಲ್ಕೂವರೆಗೆ.

ಇದರಿಂದ ನಾವಿಬ್ಬರೂ ರಾಜಿಯಾದೆವು ಅಂದುಕೊಳ್ಳಬೇಡ. ಮಾರನೆಯ ದಿನ ಬೆಳಿಗ್ಗೆ ತಿಂಡಿಗೆ ಕೂತಾಗ ಮತ್ತೆ ಅದೇ, "ನಿನ್ನ ಮಗಳಿಗೆ ಚಟ್ನಿ ಈ ಕಡೆ ಸರಿಸೋಕೆ ಹೇಳು." ಮಧ್ಯಾಹ್ನ ಒಂದೂವರೆಯಿಂದ ಮೂರೂವರೆವರೆಗೆ ಆಟದ ಮಾತು ಮಾತ್ರ ನೇರವಾಗಿ. ನಾನೂ ಅದನ್ನು ಮೀರಲಿಲ್ಲ. ಆದರೆ ಆ ಎರಡು ಗಂಟೆಯಲ್ಲಿ ನಾನು ಅಂಗಡಿಯ ವಿದ್ಯೆ ಎಷ್ಟು ಕಲಿತೆ ಗೊತ್ತಾ! ಅಲಗು ಹೊಳೆಯುತ್ತದೆ ಎಂದು ತಗೋಬಾರದು, ಮೊದಲು ಹಿಡಿ ನೋಡಬೇಕು. ಎತ್ತುವಾಗ ಭಾರ ಅನ್ನಿಸದಿದ್ದರೂ ಇಪ್ಪತ್ತನೆಯ ಏಟಿಗೆ ಅನ್ನಿಸುತ್ತದಾ ಎಂದು ಕೇಳಿಕೊಳ್ಳಬೇಕು. ಅದಕ್ಕಿಂತ ಮುಂಚೆ, ಹಿಡಿಯುವವರು ಯಾರು, ಯಾವ ಕೈ, ಏನು ಕೊಯ್ಯುತ್ತಾರೆ. ಇದನ್ನೆಲ್ಲ ಸೇರಿಸಿ ದೀಪಾವಳಿ ಮುಗಿದ ಮೇಲೆ ನನ್ನ ಚಾನೆಲ್ಲಿಗೆ ಎರಡು ನಿಮಿಷದ ವಿಡಿಯೊ ಮಾಡಿದೆ. ನಲವತ್ತೊಂದು ಜನ ನೋಡುವ ಚಾನೆಲ್ಲು, ಅದರಲ್ಲಿ ಮೂರು ಫೋನು ನಮ್ಮ ಮನೆಯವೇ. ಪರದೆಯಲ್ಲಿ ಮಹಾದೇವಮ್ಮ ಕುಡುಗೋಲು ಬೀಸುತ್ತಿರುತ್ತಾಳೆ, ತಲೆಯ ಮೇಲೆ ಅವಳ ಹೆಸರು, ಜೊತೆಗೆ ನನ್ನ ಮಾತು. ತಲೆಬರಹ "ಮೊದಲ ಸಲ ಯಾವ ಕತ್ತಿ ತಗೋಬೇಕು?" ಕೊನೆಯಲ್ಲಿ ಹಿಂದಿನಿಂದ ಅಪ್ಪನ ದನಿಯೂ ಸೇರಿಕೊಂಡಿತ್ತು, ಅಭ್ಯಾಸಬಲದಿಂದ "ಎಡಗೈದೂ ಸಿಗುತ್ತೆ ನಮ್ಮಲ್ಲಿ" ಎಂದಿದ್ದ. ತಮಾಷೆಯಾಗಿದೆ ಎಂದು ಹಾಗೇ ಬಿಟ್ಟೆ.

ಸೊರಬದ ಕಡೆ ಕತ್ತಿ ಎಂದರೆ ಏನೆಂದು ನಾನು ಯೋಚಿಸಬೇಕಿತ್ತು. ರಾಜರ ಸೊಂಟದಲ್ಲಿ ಇರುವುದು ನಮಗಿಬ್ಬರಿಗೆ ಕತ್ತಿ. ಅವರಿಗೆ ಬೇಲಿ ಸವರುವುದು, ಸೌದೆ ಸಿಗಿಯುವುದು ಕತ್ತಿ. ವಿಡಿಯೊ ಯಾರ ಕೈಯಿಂದ ಯಾರ ಕೈಗೆ ಹೋಯಿತೋ, ಕುಪ್ಪಗಡ್ಡೆಯ ಹಾಲಿನ ಡೇರಿಯ ವಾಟ್ಸಾಪ್ ಗುಂಪಿಗೆ ಮುಟ್ಟಿದೆ. ಈಗ ಬೀಜದ್ದು, ಗೊಬ್ಬರದ್ದು ಜಾಹೀರಾತೆಲ್ಲ ಬೊಂಬೆ ಚಿತ್ರದಲ್ಲೇ ಬರುತ್ತವಲ್ಲ, ಇದನ್ನೂ ಹಾಗೇ ಅಂದುಕೊಂಡಿದ್ದಾರೆ, ಅಪ್ಪನ ದನಿಯಿಂದ ಅಂಗಡಿ ಯಾವುದೆಂದೂ ಗುರುತು ಹಿಡಿದಿದ್ದಾರೆ. ಗದ್ದೆ ಕೊಯ್ಲು ಹತ್ತಿರ ಬಂದ ಸಮಯ ಬೇರೆ. ಹೋದ ಸಂತೆಯ ದಿನ ನಾನು ಅಪ್ಪ ಮರೆತುಹೋದ ಕನ್ನಡಕ ಕೊಡಲು ಅಂಗಡಿಗೆ ಹೋಗಿ, ಆಜ್ಞೆಯ ಪ್ರಕಾರ ಮೆಟ್ಟಿಲು ಹತ್ತದೆ ಕೆಳಗೆ ನಿಂತಿದ್ದೆ. ಅಷ್ಟರಲ್ಲಿ ಉಚ್ಚಂಗಪ್ಪ ಎಂಬ ಕುಪ್ಪಗಡ್ಡೆಯ ಹಿರಿಯರೊಬ್ಬರು ಬಂದರು, ಹೆಗಲ ಮೇಲೆ ಟವೆಲ್ಲು, ಕೈಯಲ್ಲಿ ಫೋನು. "ಪರಮಶಿವಣ್ಣ, ಆ ಮಾದೇವಮ್ಮ ಮಾರ್ಕಿನ ಕುಡಗೋಲು ಬಂದೈತಂತಲ್ಲ, ಎಡಗೈದು ಒಂದು ಕೊಡು ಮಾರಾಯ. ನಮ್ಮನೇಲಿ ತಲೆ ತಿಂತಾಳೆ" ಎಂದರು.

ಅಪ್ಪನ ಮುಖ ನೋಡಬೇಕಿತ್ತು! ಹೆತ್ತ ತಾಯಿ ಮಾರ್ಕಾಗಿ ಬಂದು ಎದುರಿಗೆ ನಿಂತಿದ್ದಾಳೆ. ಅಷ್ಟರಲ್ಲಿ ಮೂವತ್ತು ವರ್ಷದ ಅಂಗಡಿಕಾರ ಎಚ್ಚರಾದ, ಹೌದು ಹೌದು ಎಂದು ತಲೆ ಆಡಿಸುತ್ತ ಒಳಗೆ ಕೈ ಹಾಕಿದ. ನನ್ನ ಬಾಯಿ ನಿಲ್ಲಲಿಲ್ಲ. ಆ ಹೆಸರಿನ ಮಾರ್ಕು ಇಲ್ಲ ಅಜ್ಜಾ, ವಿಡಿಯೊ ಮಾಡಿದ್ದು ನಾನು, ಅದು ಕಂಪ್ಯೂಟರಿನ ಆಟ, ಮಹಾದೇವಮ್ಮ ನಮ್ಮಜ್ಜಿ ಎಂದೆ. ಅಪ್ಪ ಕನ್ನಡಕದ ಮೇಲಿಂದ ನನ್ನನ್ನು ನೋಡಿದ ನೋಟಕ್ಕೆ ಗೋಡೆಯ ಸುಣ್ಣ ಕಿತ್ತು ಬರಬೇಕು. ಉಚ್ಚಂಗಪ್ಪ ಫೋನನ್ನೂ ನನ್ನನ್ನೂ ಎರಡು ಸಲ ನೋಡಿದರು. "ಎಂತದು ತಂಗಿ, ಆಟ ಅಂದ್ರೆ ಅದ್ರಲ್ಲಿ ಹೇಳಿದ್ ಮಾತೂ ಸುಳ್ಳನಾ? ಹಿಡಿ ನೋಡಿ ತಗಳಿ ಅಂದಿದ್ದು?" ಅದು ಸುಳ್ಳಲ್ಲ ಎಂದೆ. "ಕೈ ಯಾವ್ದು ನೋಡಿ ತಗಳಿ ಅಂದಿದ್ದು?" ಅದೂ ಅಲ್ಲ ಎಂದೆ. "ಹಂಗಾದ್ರೆ ಕೆಳಗೆ ನಿಂತ್ಕಂಡು ಎಂತ ಮಾಡ್ತಿದೀಯ? ಮೇಲೆ ಬಂದು ಕೊಡು" ಎಂದರು. ನಾನು ಅಪ್ಪನನ್ನು ನೋಡಿದೆ. ಅಪ್ಪ ತಕ್ಕಡಿಯನ್ನು ನೋಡಿದ. ಬೇಡ ಎನ್ನಲಿಲ್ಲ. ಹತ್ತಿದೆ.

ಅವರು ಹೆಂಡತಿಗೆಂದು ಆರಿಸಿದ್ದು ಅಂಗಡಿಯಲ್ಲಿದ್ದ ಎಲ್ಲಕ್ಕಿಂತ ದೊಡ್ಡದನ್ನು. ಅಜ್ಜಿ ಎತ್ತರದಲ್ಲಿ ನಿಮ್ಮ ಎಲ್ಲಿಗೆ ಬರುತ್ತಾರೆ ಎಂದು ಕೇಳಿದೆ. ಮುದುಕರು ಅಂಗೈಯನ್ನು ತಮ್ಮ ಎದೆಯ ಹತ್ತಿರ ಇಟ್ಟು ತೋರಿಸಿ, ಸಂತೆಯ ನಡುವೆ ಹಾಗೆ ನಿಂತದ್ದಕ್ಕೆ ತಾವೇ ನಾಚಿಕೊಂಡು ಟವೆಲ್ಲು ಸರಿಮಾಡಿಕೊಂಡರು. ಚಿಕ್ಕದನ್ನು ತೆಗೆದೆ, ಎಡಗೈಯಲ್ಲಿ ಹಿಡಿದು ಗಾಳಿಯಲ್ಲಿ ಇಪ್ಪತ್ತು ಸಲ ಬೀಸಿದೆ. ತೂಕ ಸರಿಯಿತ್ತು, ಆದರೆ ಹಿಡಿ ತಣ್ಣಗಿತ್ತು. ಮೂಸಿದರೆ ಹಸಿ ಮರ. ಇದರ ಹಿಡಿ ಒಣಗಿಲ್ಲ ಅಜ್ಜಾ, ಬಿಸಿಲಿಗೆ ಬಿದ್ದರೆ ಕುಗ್ಗಿ ಅಲಗು ಅಲ್ಲಾಡುತ್ತದೆ, ಇದನ್ನು ಒಯ್ಯಬೇಡಿ ಎಂದೆ. ಅಪ್ಪ ಎದ್ದೇ ನಿಂತ. "ಅಂಗಡಿ ನಡೆಸೋಕೆ ಬಂದೀಯೋ ಬಾಗ್ಲು ಹಾಕ್ಸೋಕೆ ಬಂದೀಯೋ?" ಎಂದು ಸಂತೆಗೆಲ್ಲ ಕೇಳುವಂತೆ ಗುಡುಗಿದ. ನನಗೂ ಕಣ್ಣಲ್ಲಿ ನೀರು ಬಂತು, ಸುಳ್ಳೇಕೆ. ಆದರೆ ಕುಡುಗೋಲು ಬಿಡಲಿಲ್ಲ, ಮುಂದೆ ಹಿಡಿದೆ. ಅವನು ಕಿತ್ತುಕೊಂಡು ಹಿಡಿಗೆ ಹೆಬ್ಬೆರಳು ಒತ್ತಿದ, ಮೂಗಿನ ಹತ್ತಿರ ತಂದ. ಆಮೇಲೆ ಒಳಗಿನಿಂದ ಹಳೆಯ ಒಣ ಹಿಡಿ ಒಂದನ್ನು ತಂದು, ಅಲಗು ಕಿತ್ತು, ಅಲ್ಲೇ ಕೂತು ಬೇರೆ ಕೂರಿಸಿಕೊಟ್ಟ. ಅರ್ಧ ಗಂಟೆ ಹಿಡಿಯಿತು. ಉಚ್ಚಂಗಪ್ಪ ಅಷ್ಟೂ ಹೊತ್ತು ಚಹಾ ಕುಡಿಯುತ್ತ ಕೂತು, ಸಂತೆಗೆ ಬಂದ ಪರಿಚಯದವರನ್ನೆಲ್ಲ ಕರೆದು ಕರೆದು "ಇವ್ಳೇ ನೋಡ್ರಾ, ಮಾದೇವಮ್ಮನ ಮೊಮ್ಮಗಳು. ಇವ್ರ ಅಂಗಡೀಲಿ ಮಾಲು ಸರಿ ಇಲ್ಲ ಅಂತ ಇವ್ಳೇ ಹೇಳ್ತಾಳೆ!" ಎಂದು ತೋರಿಸಿದರು. ಅದು ಹೊಗಳಿಕೆಯೋ ಅಲ್ಲವೋ ಅಪ್ಪನಿಗೆ ತಿಳಿಯಲಿಲ್ಲ, ನನಗೂ.

ಹೊಗಳಿಕೆಯೇ ಇರಬೇಕು. ಮರುದಿನದಿಂದ ಶುರುವಾಯಿತು. ಕುಪ್ಪಗಡ್ಡೆ, ಕ್ಯಾಸನೂರು, ಅಲ್ಲಿಂದ ಇಲ್ಲಿಂದ. ಬಂದವರೆಲ್ಲ ಕೇಳುವುದು ಮಾದೇವಮ್ಮ ಮಾರ್ಕು. ಇಷ್ಟು ಜನ ಎಡಗೈಯವರು ಈ ಸೀಮೆಯಲ್ಲಿ ಇದ್ದಾರೆಂದು ಯಾರಿಗೆ ಗೊತ್ತಿತ್ತು? ಇಷ್ಟು ವರ್ಷ ಬಲಗೈಯದರಲ್ಲೇ ಹೇಗೋ ಕೊಯ್ದುಕೊಂಡು, ತಮ್ಮ ಕೈಯೇ ಸರಿಯಿಲ್ಲ ಅಂದುಕೊಂಡಿದ್ದರಂತೆ. ಒಬ್ಬಳು ಹೆಂಗಸು ಎಡಗೈಯದನ್ನು ಹಿಡಿದು ಒಂದು ಸಲ ಬೀಸಿ ನೋಡಿ, ಅಯ್ಯೋ ಎಂದು ನಕ್ಕುಬಿಟ್ಟಳು, ನಕ್ಕು ನಕ್ಕು ಮೆಟ್ಟಿಲ ಮೇಲೆ ಕೂತಳು. ಅದನ್ನು ನೋಡಲಾದರೂ ನೀನು ಇರಬೇಕಿತ್ತು. ನಾನು ಮಾತ್ರ ಪ್ರತಿಯೊಬ್ಬರಿಗೂ ಆ ಹೆಸರಿನ ಮಾರ್ಕು ಇಲ್ಲ ಎಂದು ಹೇಳುತ್ತಲೇ ಇದ್ದೆ, ಅಪ್ಪ ಪ್ರತಿ ಸಲವೂ ಹಲ್ಲು ಕಡಿಯುತ್ತಲೇ ಇದ್ದ. ಕೊನೆಗೆ ಅವನೇ ದಾರಿ ಹುಡುಕಿದ. "ಮಾರ್ಕು ಇಲ್ಲ ಅಂದ್ರೆ ತಾನೇ ನಿಂಗೆ ಸುಳ್ಳು? ಹೊಡೆಸಿಬಿಟ್ರೆ?" ಎಂದವನೇ ಕಮ್ಮಾರ ಕೆಂಪಪ್ಪನ ಕುಲುಮೆಗೆ ಹೋಗಿ, ಅಲಗಿನ ಬುಡದಲ್ಲಿ "ಮಾ" ಎಂದು ಅಚ್ಚೊತ್ತಿಸಿಕೊಂಡು ಬಂದ. ಮೊದಲನೆಯ ಹನ್ನೆರಡರಲ್ಲಿ ಅಕ್ಷರ ತಲೆಕೆಳಗಾಗಿದೆ. ಅವನ್ನು ಮಾರಬಾರದು ಎಂದೆ. ಎಡಗೈಯವರಿಗೆ ಹಂಗೇ ಸರಿ ಕಾಣುತ್ತೆ ಎಂದ ಅಪ್ಪ. ಹೀಗೆ ದಿನವಿಡೀ ಜಗಳವಾಡುತ್ತಿದ್ದೇವೆ ಅಣ್ಣಾ, ನೇರವಾಗಿ, ಅಮ್ಮ ನಡುವೆ ಇಲ್ಲದೆ. ಅಮ್ಮನಿಗೆ ಕೆಲಸ ತಪ್ಪಿ ಬೇಸರವಾಗಿದೆ.

ಮಧ್ಯಾಹ್ನದ ಆಟವೂ ನಡೆದಿದೆ. ನಿನ್ನೆ ಜೌಗು ನೆಲದ ಮಾಟಗಾತಿಯ ಹತ್ತಿರ ಬಂದಿದ್ದೇವೆ. ಅಲ್ಲಿಗೆ ಕುಡುಗೋಲು ಸಾಲುವುದಿಲ್ಲ, ಬೇರೆ ಆಯುಧ ಬೇಕು ಎಂದು ನನ್ನ ಅಂದಾಜು. ಕುಡುಗೋಲು ಸಾಲದ ಜೌಗು ಇದೆಯಾ ಎಂದು ಅಪ್ಪ. ನಿನ್ನ ಅಭಿಪ್ರಾಯ ಬರೆ, ಆದರೆ ದೊಡ್ಡ ಕತ್ತಿ ಎಂದು ಮಾತ್ರ ಬರೆಯಬೇಡ, ಅಪ್ಪ ಕಾಗದ ಹರಿದುಹಾಕುತ್ತಾನೆ.

ಹೊಟ್ಟೆ ತುಂಬ ತಿನ್ನು, ಓಡುವಾಗ ಮುಂದಿನವನ ಬೆನ್ನು ನೋಡಬೇಡ, ನಿನ್ನ ಉಸಿರು ನೋಡಿಕೊ. ಅಮ್ಮನ ಆಶೀರ್ವಾದ ನಿನಗೆ ಪ್ರತಿ ಭಾನುವಾರ ಒಂಬತ್ತೂವರೆ ನಿಮಿಷ ಸಿಗುತ್ತಿರುವುದರಿಂದ ಇಲ್ಲಿ ಬರೆಯುತ್ತಿಲ್ಲ. ಅಪ್ಪನದು ಕೇಳಿದೆ, "ಹುಷಾರಾಗಿರು ಅನ್ನು" ಎಂದು ಎರಡೇ ಮಾತು ಕೊಟ್ಟ, ಹಾಗೇ ಕಳಿಸುತ್ತಿದ್ದೇನೆ.

ನಿನ್ನ ಪ್ರೀತಿಯ ತಂಗಿ,
ನೀಲಾಂಬಿಕ

ಮರೆತೆ ಎಂದು ಬರೆಯಲು ಹೊರಟಿದ್ದೆ, ಮರೆತಿಲ್ಲ, ಹೇಳಲು ಹೆದರಿಕೆಯಾಗಿ ಕೊನೆಗೆ ಇಟ್ಟಿದ್ದೆ. ಮೊನ್ನೆ ಶುಕ್ರವಾರ ಸಂಗಮೇಶ್ ಟೇಪು ಹಿಡಿದು ಬಂದು ಓವನ್ನು ಎಲ್ಲಿ, ಗಾಜಿನ ಕಪಾಟು ಎಲ್ಲಿ ಎಂದು ಅಳೆದ. ಬೆಣ್ಣೆ ಬಿಸ್ಕತ್ತು ತಂದಿದ್ದ, ಚೆನ್ನಾಗಿತ್ತು. ಮಗಳೇ ಕೂರ್ತಾಳೇನಣ್ಣ ಹಂಗಾದ್ರೆ ಎಂದು ಅವನು ಕೇಳಿದ್ದಕ್ಕೆ ಅಪ್ಪ ಹೇಳಿದ್ದು ನನಗೆ ಒಳಗೆ ಕೇಳಿಸಿತು: "ಅಂಗಡಿ ಗುರುವಿಂದು ಕಣೋ. ನಿಂಗೆ ಕೊಟ್ರೆ ಅವ್ನು ಬಂದಾಗ ಬಿಡಿಸ್ಕೋಬಹುದು. ಇವಳನ್ನ ಕೂರಿಸಿದ್ರೆ ಏಳ್ಸೋದು ಹೆಂಗೆ?" ಅವನು ಹೇಳಿದ್ದು ಸರಿ, ಒಮ್ಮೆ ಕೂತರೆ ನಾನು ಏಳುವುದಿಲ್ಲ. ಆದ್ದರಿಂದ ನೀನೇ ಹೇಳಬೇಕು. ಇದನ್ನು ಸ್ಪೀಡ್ ಪೋಸ್ಟಿನಲ್ಲಿ ಹಾಕುತ್ತಿದ್ದೇನೆ. ಕಾರ್ತಿಕ ಮುಗಿಯುವುದರೊಳಗೆ ಉಳಿದಿರುವುದು ಒಂದೇ ಭಾನುವಾರ. ಅವತ್ತು ಮೊದಲ ನಿಮಿಷವೇ ಫೋನು ಅಪ್ಪನಿಗೆ ಕೊಡು ಎನ್ನು, ಅಮ್ಮ ಅತ್ತರೆ ನಾನು ನೋಡಿಕೊಳ್ಳುತ್ತೇನೆ. ಅಂಗಡಿ ನಿನಗೆ ಬೇಕೋ ಬೇಡವೋ ಹೇಳು. ಬೇಕೆಂದರೆ ಬೇಕೆಂದೇ ಹೇಳು, ನನ್ನ ಮುಖ ನೋಡಿ ಸುಳ್ಳು ಹೇಳಬೇಡ. ನನಗೇನೂ ಬೇಜಾರಿಲ್ಲ ಎಂದು ಬರೆಯಲು ಕೈ ಬರುತ್ತಿಲ್ಲ. ಬೇಜಾರಾಗುತ್ತದೆ, ಎರಡು ತಿಂಗಳು ನಿನ್ನ ಜೊತೆ ಮಾತೂ ಆಡಲಿಕ್ಕಿಲ್ಲ, ಆಮೇಲೆ ಆಡುತ್ತೇನೆ. ಬೇಡವೆನ್ನುವುದಾದರೆ ಅದನ್ನು ನನಗೆ ಬರೆಯಬೇಡ, ಅಪ್ಪನಿಗೆ ಹೇಳು, ಜೋರಾಗಿ ಹೇಳು, ಅವನ ಬಲಗಿವಿಗೆ ಈಗ ಸರಿಯಾಗಿ ಕೇಳಿಸುವುದಿಲ್ಲ.